ನುಡಿದವನ ಋಣ

ಕನ್ನಡದಲ್ಲಿ ‘ಮಾತಿಗೆ ತಪ್ಪಿದನು’ ಎಂಬುದೊಂದು ನುಡಿ. ‘ಮಾತು ತಪ್ಪಾಯಿತು’ ಎಂಬುದು ಇನ್ನೊಂದು. ಇವೆರಡೂ ಕಿವಿಗೆ ಹತ್ತಿರವಾದರೂ ಅರ್ಥದಲ್ಲಿ ಬಹುದೂರ. ಮೊದಲನೆಯದು ಕೊಟ್ಟ ಭಾಷೆಯನ್ನು ನಡೆಯಿಸದವನ ವಿಷಯ. ಎರಡನೆಯದು ನಂಬಿ ಹೇಳಿದ ಅಭಿಪ್ರಾಯವು ಸುಳ್ಳೆಂದು ಕಂಡುಬಂದವನ ವಿಷಯ. ಕೊಟ್ಟ ಭಾಷೆಯನ್ನು ಎಷ್ಟು ಕಷ್ಟ ಬಂದರೂ ಉಳಿಸಿಕೊಳ್ಳತಕ್ಕದ್ದೆಂಬುದು ಸರ್ವಸಂಮತವಾದುದು. ಹೇಳಿದ ಅಭಿಪ್ರಾಯವನ್ನೂ ಹಾಗೆಯೇ ಕಡೆಯವರೆಗೆ ಉಳಿಸಿಕೊಳ್ಳತಕ್ಕದ್ದೇ? ಲೋಕವು ಬಹುಮಟ್ಟಿಗೆ ಈ ಎರಡನ್ನೂ ಒಂದೇ ತಕ್ಕಡಿಯಲ್ಲಿಟ್ಟು ತೂಗುತ್ತದೆ. ನಿನ್ನೆ ಒಂದನ್ನು ಹೇಳಿ ಇಂದು ಇನ್ನೊಂದನ್ನು ಹೇಳುವವನನ್ನು, ಸಾಲ ತೆಗೆದುಕೊಂಡು ಇಲ್ಲವೆಂದವನನ್ನು ನೋಡುವ ಕಣ್ಣಿನಿಂದಲೇ ನೋಡುತ್ತದೆ. ಈ ನೋಟವು ನ್ಯಾಯವೇ ಎಂಬುದೂ, ನ್ಯಾಯವಲ್ಲವಾದರೆ ಅಭಿಪ್ರಾಯವನ್ನು ಬದಲಾಯಿಸಿದವನಿಗೆ ಯಾವ ಹೊಣೆಯೂ ಇಲ್ಲವೇ ಎಂಬುದೂ ವಿಚಾರಕ್ಕೆ ಯೋಗ್ಯವಾದ ಪ್ರಶ್ನೆಗಳು.

ಅಭಿಪ್ರಾಯ ಹೇಳುವುದನ್ನೇ ಜೀವನೋಪಾಯವಾಗಿ ಮಾಡಿಕೊಂಡವನಲ್ಲಿ ಈ ಪ್ರಶ್ನೆಯು ಅತ್ಯಂತ ತೀಕ್ಷ್ಣವಾಗುತ್ತದೆ. ವೈದ್ಯನು ತಪ್ಪಿದರೆ ರೋಗಿಯ ದೇಹವೇ ಅದನ್ನು ಹೇಳುತ್ತದೆ. ಮೇಸ್ತ್ರಿಯು ತಪ್ಪಿದರೆ ಗೋಡೆಯು ಬಿರುಕುಬಿಟ್ಟು ಹೇಳುತ್ತದೆ. ನ್ಯಾಯಾಧಿಪತಿಯು ತಪ್ಪಿದರೆ ಮೇಲಿನ ನ್ಯಾಯಸ್ಥಾನವು ತಿದ್ದುತ್ತದೆ. ರಾಜಕೀಯ ವ್ಯಾಖ್ಯಾನಕಾರನ ತಪ್ಪನ್ನು ಹೇಳುವವರಾರು? ನಿನ್ನೆಯ ಪತ್ರಿಕೆಯಲ್ಲಿ ಇಂದು ಅಂಗಡಿಯವನು ಸಾಮಾನು ಕಟ್ಟಿಕೊಡುತ್ತಾನೆ. ಬರೆದವನೂ ಮರೆಯುತ್ತಾನೆ, ಓದಿದವನೂ ಮರೆಯುತ್ತಾನೆ. ಹೀಗೆ ಮರೆಯುವ ಅನುಕೂಲವನ್ನು ತನಗಿಲ್ಲದಂತೆ ಮಾಡಿಕೊಂಡ ಒಬ್ಬ ವ್ಯಾಖ್ಯಾನಕಾರನ ಬಾಳು ಈ ವಿಚಾರಕ್ಕೆ ತಕ್ಕ ದೃಷ್ಟಾಂತವಾಗಿದೆ. ಆತನು ಇಂಗ್ಲೆಂಡಿನಲ್ಲಿ ಹುಟ್ಟಿ ಅಮೆರಿಕೆಯಲ್ಲಿ ಹೆಸರು ಪಡೆದ ಆಂಡ್ರೂ ಸಲಿವನ್.

ಸಲಿವನ್ನನು 1963ರಲ್ಲಿ ಇಂಗ್ಲೆಂಡಿನ ಸರಿ ಪ್ರಾಂತದಲ್ಲಿ, ಐರಿಷ್ ಮೂಲದ ಕ್ಯಾಥೊಲಿಕ್ ಮನೆತನವೊಂದರಲ್ಲಿ ಜನಿಸಿದನು. ರೈಗೇಟಿನ ಗ್ರ್ಯಾಮರ್ ಶಾಲೆಯಲ್ಲಿ ಓದುತ್ತಿದ್ದಾಗಲೇ ಶ್ರೀಮತಿ ಥ್ಯಾಚರರ ಪಕ್ಷವನ್ನು ಹಿಡಿದು ವಾದಿಸುವುದು ಆತನಿಗೆ ಪ್ರಿಯವಾದ ಅಭ್ಯಾಸವಾಗಿತ್ತು. 2024ರಲ್ಲಿ ಎದುರು ಪಕ್ಷದಿಂದ ಬ್ರಿಟನ್ನಿನ ಪ್ರಧಾನಮಂತ್ರಿಯಾದ ಕೀರ್ ಸ್ಟಾರ್ಮರ್ ಅದೇ ಶಾಲೆಯಲ್ಲಿ ಆತನ ಸಹಪಾಠಿ. ಇಬ್ಬರಿಗೂ ರಾಜಕೀಯದಲ್ಲಿಯೂ ಮತವಿಷಯದಲ್ಲಿಯೂ ನಿತ್ಯವಾದ ಜಗಳ. ಆಮೇಲೆ ಆಕ್ಸ್‌ಫರ್ಡಿನ ಮಾಡ್ಲಿನ್ ಕಾಲೇಜಿನಲ್ಲಿ ವಿದ್ಯಾಭ್ಯಾಸ, ಅಲ್ಲಿಯ ಪ್ರಸಿದ್ಧ ವಾದಸಭೆಯಾದ ಯೂನಿಯನ್ನಿನ ಅಧ್ಯಕ್ಷಪದವಿ, ಅನಂತರ ಅಮೆರಿಕೆಯ ಹಾರ್ವರ್ಡ್ ವಿಶ್ವವಿದ್ಯಾನಿಲಯ. ಅಲ್ಲಿ 1990ರಲ್ಲಿ ಪಡೆದ ಡಾಕ್ಟರ್ ಪದವಿಗಾಗಿ ಆತನು ಬರೆದ ಪ್ರಬಂಧವು ಮೈಕೇಲ್ ಓಕ್‌ಶಾಟ್ ಎಂಬ ಆಂಗ್ಲ ತತ್ತ್ವಜ್ಞನನ್ನು ಕುರಿತದ್ದು. ಮುಂದಿನ ಕಥೆಯ ಕೀಲಿಯು ಈ ಪ್ರಬಂಧದ ವಿಷಯದಲ್ಲಿಯೇ ಇರುವುದರಿಂದ ಓಕ್‌ಶಾಟನ ಮತವನ್ನು ನಾಲ್ಕು ಮಾತುಗಳಲ್ಲಿ ತಿಳಿಯುವುದು ಆವಶ್ಯಕ.

ಓಕ್‌ಶಾಟನು 1901ರಿಂದ 1990ರವರೆಗೆ ಬಾಳಿದನು. ಲಂಡನ್ನಿನ ಅರ್ಥಶಾಸ್ತ್ರ ವಿದ್ಯಾಲಯದಲ್ಲಿ ರಾಜ್ಯಶಾಸ್ತ್ರದ ಆಚಾರ್ಯನಾಗಿದ್ದನು. ಸಂಪ್ರದಾಯಪಕ್ಷವೆಂದರೆ ಹಳೆಯದೆಲ್ಲವನ್ನೂ ಪೂಜಿಸುವುದಲ್ಲವೆಂಬುದೂ, ಅದೊಂದು ಸಿದ್ಧಾಂತಕ್ಕಿಂತ ಹೆಚ್ಚಾಗಿ ಒಂದು ಸ್ವಭಾವವೆಂಬುದೂ ಆತನ ಮತ. ಕಲ್ಪನೆಯಲ್ಲಿರುವ ಪರಿಪೂರ್ಣತೆಗಾಗಿ ಕೈಯಲ್ಲಿರುವ ಒಳಿತನ್ನು ಬಿಟ್ಟುಕೊಡದಿರುವುದು ಆ ಸ್ವಭಾವದ ಲಕ್ಷಣ. ರಾಜ್ಯವೆಂಬುದು ದಡವಿಲ್ಲದ ಕಡಲಿನಲ್ಲಿ ಸಾಗುವ ಹಡಗು. ಅದು ಮುಳುಗದಂತೆ, ಸಮವಾಗಿ ತೇಲುವಂತೆ ನೋಡಿಕೊಳ್ಳುವುದೇ ರಾಜನೀತಿ. ಪುಸ್ತಕದಲ್ಲಿ ನಕ್ಷೆ ಬರೆದು, ಆ ನಕ್ಷೆಯಂತೆ ಒಂದು ಸಮಾಜವನ್ನು ಕೆಡವಿ ಹೊಸದಾಗಿ ಕಟ್ಟಬಹುದೆಂಬ ಬುದ್ಧಿಯ ಅಹಂಕಾರವನ್ನು ಆತನು ತನ್ನ ಜೀವಮಾನವೆಲ್ಲ ಖಂಡಿಸಿದನು. ಒಂದು ಜನದ ನಡವಳಿಕೆಯು ಆ ಜನದ ಬಾಳಿನೊಳಗಿನಿಂದ ಬೆಳೆಯಬೇಕೇ ಹೊರತು, ಹೊರಗಿನಿಂದ ತಂದು ನೆಡತಕ್ಕದ್ದಲ್ಲ. ಸಂಕ್ಷೇಪವಾಗಿ ಹೇಳುವುದಾದರೆ, ತನ್ನ ತಿಳಿವಳಿಕೆಯ ಮೇಲೆ ತನಗೇ ಸ್ವಲ್ಪ ಸಂಶಯವಿರುವುದು ಈ ಮತದ ಬೇರು. ಸಲಿವನ್ನನು ಈ ಸಂಶಯವನ್ನು ವರ್ಷಗಟ್ಟಲೆ ಅಭ್ಯಾಸ ಮಾಡಿದವನು.

ಆ ಅಭ್ಯಾಸದ ಸತ್ಫಲವೆಂದು ಹೇಳತಕ್ಕದ್ದು ಆತನ ಮೊದಲನೆಯ ದೊಡ್ಡ ವಾದ. 1989ರಲ್ಲಿ ‘ನ್ಯೂ ರಿಪಬ್ಲಿಕ್’ ಎಂಬ ಪತ್ರಿಕೆಯಲ್ಲಿ, ಒಂದೇ ಲಿಂಗದ ಇಬ್ಬರಿಗೆ ವಿವಾಹದ ಹಕ್ಕಿರಬೇಕೆಂದು ಆತನು ಬರೆದನು. ಭೂಮಂಡಲದ ಯಾವ ರಾಜ್ಯದಲ್ಲಿಯೂ ಅಂಥ ಕಾನೂನು ಆಗ ಇರಲಿಲ್ಲ. ಆಶ್ಚರ್ಯವೇನೆಂದರೆ, ಈ ಹೊಸ ಮಾತಿಗೆ ಆತನು ಕೊಟ್ಟ ಕಾರಣವು ಸಂಪ್ರದಾಯಪಕ್ಷದ್ದೇ. ವಿವಾಹವು ಮನುಷ್ಯನನ್ನು ನೆಲೆಗೊಳಿಸುತ್ತದೆ, ನಿಷ್ಠೆಯನ್ನು ಕಲಿಸುತ್ತದೆ, ರೋಗದಲ್ಲಿಯೂ ವೃದ್ಧಾಪ್ಯದಲ್ಲಿಯೂ ಒಬ್ಬರನ್ನೊಬ್ಬರು ನೋಡಿಕೊಳ್ಳುವಂತೆ ಮಾಡುತ್ತದೆ. ಹಾಗೆಂದು ನಂಬುವ ಸಂಪ್ರದಾಯಸ್ಥರು ಅದೇ ಉಪಕಾರವನ್ನು ಕೆಲವು ಪ್ರಜೆಗಳಿಗೆ ನಿರಾಕರಿಸುವುದೇತಕ್ಕೆ? ವಿವಾಹವಲ್ಲದ ಅರೆಬರೆಯ ಏರ್ಪಾಡುಗಳನ್ನು ಕಲ್ಪಿಸುವುದರಿಂದಲೇ ವಿವಾಹದ ಗೌರವವು ಕುಗ್ಗುವುದೆಂದೂ ಆತನು ವಾದಿಸಿದನು. ಸ್ವತಃ ಆತನೂ ಆ ವರ್ಗಕ್ಕೆ ಸೇರಿದವನಾದುದರಿಂದ ಇದು ಬರಿಯ ತರ್ಕವಾಗಿರಲಿಲ್ಲ; 1993ರಲ್ಲಿ ಎಚ್‌ಐವಿ ಸೋಂಕು ತನಗುಂಟೆಂದು ತಿಳಿದ ಬಳಿಕ, ಎಷ್ಟು ದಿನ ಬದುಕುವೆನೋ ಎಂಬ ನೆರಳಿನಲ್ಲಿಯೇ ಆತನು ಬರೆದನು. 1995ರಲ್ಲಿ ಇದೇ ವಿಷಯವಾಗಿ ಒಂದು ಪೂರ್ಣ ಗ್ರಂಥವು ಹೊರಬಂದಿತು. 1997ರಲ್ಲಿ ಆತನು ಸಂಪಾದಿಸಿದ ಸಂಕಲನದಲ್ಲಿ ತನ್ನ ಪಕ್ಷದ ಲೇಖನಗಳಷ್ಟೇ ಅಲ್ಲದೆ ಎದುರು ಪಕ್ಷದವರ ಲೇಖನಗಳನ್ನೂ ಸೇರಿಸಿದನು. ಮತನಿಷ್ಠರು ಆತನನ್ನು ಧರ್ಮವಿರೋಧಿಯೆಂದರು. ಆತನ ವರ್ಗದ ತೀವ್ರವಾದಿಗಳೇ ಆತನನ್ನು ಹಳೆಯ ಕಟ್ಟಳೆಗೆ ಶರಣಾದವನೆಂದು ಹಳಿದರು. 2015ನೆಯ ಜೂನ್ 26ರಂದು ಅಮೆರಿಕೆಯ ಪರಮೋಚ್ಚ ನ್ಯಾಯಾಲಯವು ಐವರು ನಾಲ್ವರ ಬಹುಮತದಿಂದ ಆ ಹಕ್ಕನ್ನು ಇಡೀ ದೇಶಕ್ಕೆ ಅಂಗೀಕರಿಸಿತು. ಮೊದಲನೆಯ ಲೇಖನಕ್ಕೂ ಆ ತೀರ್ಪಿಗೂ ನಡುವೆ ಇಪ್ಪತ್ತಾರು ವರ್ಷಗಳು. ಆ ತೀರ್ಪನ್ನು ಒಪ್ಪುವವರೂ ಒಪ್ಪದವರೂ ಇರಬಹುದು. ಆದರೆ ಈ ವಾದವು ನಡೆದ ರೀತಿಯು ಮಾತ್ರ ಶಾಸ್ತ್ರೀಯವಾದುದು: ಪೂರ್ವಪಕ್ಷವನ್ನು ಪೂರ್ತಿಯಾಗಿ ಕೇಳಿ, ತನ್ನ ಸಿದ್ಧಾಂತಕ್ಕೆ ವಿರೋಧ ಬಾರದಂತೆ, ಸಾವಕಾಶವಾಗಿ ನಡೆದ ವಾದವಿದು.

ಎರಡನೆಯ ವಾದದ ಕಥೆ ಬೇರೆ. 1991ರಿಂದ 1996ರವರೆಗೆ ‘ನ್ಯೂ ರಿಪಬ್ಲಿಕ್’ ಪತ್ರಿಕೆಯ ಸಂಪಾದಕನಾಗಿದ್ದ ಸಲಿವನ್ನನು, 2000ದಲ್ಲಿ ‘ಡೈಲಿ ಡಿಶ್’ ಎಂಬ ಹೆಸರಿನಲ್ಲಿ ಅಂತರ್ಜಾಲದ ಮೂಲಕ ದಿನಬರಹವನ್ನು ಪ್ರಾರಂಭಿಸಿದನು. ಇದರಲ್ಲಿ ಸಂಪಾದಕನ ಕತ್ತರಿಯಿಲ್ಲ, ಅಚ್ಚುಮೊಳೆ ಜೋಡಿಸುವವರೆಗೆ ಕಾಯುವುದಿಲ್ಲ. ಸುದ್ದಿ ಬಂದ ಗಳಿಗೆಯಲ್ಲಿಯೇ ಅಭಿಪ್ರಾಯ. ದಿನಕ್ಕೆ ಹಲವು ಬಾರಿ ಅಭಿಪ್ರಾಯ. ಹಡಗಿನ ಕಪ್ತಾನನು ಆಯಾ ಹೊತ್ತಿನ ಗಾಳಿಯನ್ನೂ ಅಲೆಯನ್ನೂ ಬರೆದಿಡುವ ದಿನಚರಿಗೆ ಈ ಬರಹವನ್ನು ಹೋಲಿಸಿ ಆತನೇ 2008ರಲ್ಲಿ ಒಂದು ಲೇಖನ ಬರೆದನು. ಮುಂದೇನಾಗುವುದೆಂದು ಕಪ್ತಾನನಿಗೆ ತಿಳಿಯದು. ಬರೆದುದನ್ನು ಆಮೇಲೆ ಅಳಿಸುವಂತೆಯೂ ಇಲ್ಲ. ಗುರುವು ಹೇಳಿದ ದಡವಿಲ್ಲದ ಕಡಲಿಗೂ ಶಿಷ್ಯನು ಹೇಳಿದ ಹಡಗಿನ ದಿನಚರಿಗೂ ಹೊಂದಿಕೆಯುಂಟು. ಆದರೆ ಕಪ್ತಾನನು ಬರೆಯುವುದು ಕಂಡುದನ್ನು. ವ್ಯಾಖ್ಯಾನಕಾರನು ಬರೆಯುವುದು ಕಂಡುದರ ಮೇಲಣ ತೀರ್ಪನ್ನು. ಈ ಭೇದವು ಬೇಗನೆ ಪ್ರಕಟವಾಯಿತು.

2001ನೆಯ ಸೆಪ್ಟೆಂಬರ್ 11ರಂದು ನ್ಯೂಯಾರ್ಕಿನ ಜೋಡಿ ಗೋಪುರಗಳು ಉರುಳಿದುವು. ಆ ವಾರದಲ್ಲಿಯೇ ಸಲಿವನ್ನನು ಲಂಡನ್ನಿನ ‘ಸಂಡೇ ಟೈಮ್ಸ್’ ಪತ್ರಿಕೆಯಲ್ಲಿ ಬರೆಯುತ್ತ, ಯುದ್ಧವನ್ನು ಒಪ್ಪದ ಎಡಪಂಥದ ಕೆಲವರು ದೇಶದೊಳಗಿನ ಶತ್ರುಗಳಂತೆ ನಡೆದುಕೊಳ್ಳಬಹುದೆಂಬ ಅರ್ಥದ ಮಾತನ್ನಾಡಿದನು. ಸಂಶಯವನ್ನು ತನ್ನ ಮೇಲೆ ಇಟ್ಟುಕೊಳ್ಳಬೇಕೆಂದು ಕಲಿತವನು ಅದನ್ನು ಎದುರಾಳಿಯ ಮೇಲೆ ಹೊರಿಸಿದನು. ಮುಂದೆ ಇರಾಕಿನ ಪ್ರಶ್ನೆ ಎದ್ದಿತು. ಸದ್ದಾಂ ಹುಸೇನನು ಕ್ರೂರಿಯೆಂಬುದರಲ್ಲಿ ವಿವಾದವಿರಲಿಲ್ಲ. 1988ರಲ್ಲಿ ಹಲಬ್ಜಾ ಪಟ್ಟಣದ ಕುರ್ದ್ ಜನರ ಮೇಲೆ ವಿಷವಾಯುವನ್ನು ಪ್ರಯೋಗಿಸಿದ್ದು ಆತನ ಸರ್ಕಾರವೇ. ಆದರೆ ಆತನ ಬಳಿ ಮಹಾವಿನಾಶಕ ಅಸ್ತ್ರಗಳು ಇನ್ನೂ ಉಂಟೋ ಇಲ್ಲವೋ ಎಂಬುದನ್ನು ವಿಶ್ವಸಂಸ್ಥೆಯ ತನಿಖೆಗಾರರು ಹಾನ್ಸ್ ಬ್ಲಿಕ್ಸನ ಮುಖಂಡತ್ವದಲ್ಲಿ ಆಗಿನ್ನೂ ಶೋಧಿಸುತ್ತಿದ್ದರು. ಕೆಲವು ತಿಂಗಳ ಅವಕಾಶ ಬೇಕೆಂದರು. ಅವಕಾಶವನ್ನು ಕೊಡಲಿಲ್ಲ. 2003ನೆಯ ಮಾರ್ಚಿಯಲ್ಲಿ ಅಮೆರಿಕೆಯ ಸೈನ್ಯವು ಇರಾಕನ್ನು ಹೊಕ್ಕಿತು. ಹಾಗೆ ಹೊಗಬೇಕೆಂದು ದಿನದಿನವೂ ಬಲವಾಗಿ ಬರೆದವರಲ್ಲಿ ಸಲಿವನ್ನನು ಅಗ್ರಗಣ್ಯನಾಗಿದ್ದನು.

ಆಮೇಲೆ ನಡೆದುದನ್ನು ಲೋಕವೆಲ್ಲ ಬಲ್ಲದು. 2004ರಲ್ಲಿ ಅಮೆರಿಕೆಯೇ ನೇಮಿಸಿದ ಶೋಧಕಮಂಡಲಿಯು, ಹೇಳಿದ್ದ ಅಸ್ತ್ರಸಂಗ್ರಹಗಳು ಇರಲಿಲ್ಲವೆಂದು ವರದಿ ಮಾಡಿತು. ಅದೇ ವರ್ಷದ ಏಪ್ರಿಲಿನಲ್ಲಿ ಅಬು ಘ್ರೈಬ್ ಸೆರೆಮನೆಯ ಚಿತ್ರಗಳು ಹೊರಬಿದ್ದು, ಬಿಡುಗಡೆ ಮಾಡಲೆಂದು ಹೋದವರೇ ಸೆರೆಯಾಳುಗಳನ್ನು ಹಿಂಸಿಸಿದುದು ಬಯಲಾಯಿತು. 2011ರ ಕೊನೆಯಲ್ಲಿ ಸೈನ್ಯವು ಹಿಂದಿರುಗುವ ವೇಳೆಗೆ ಸುಮಾರು 4,500 ಮಂದಿ ಅಮೆರಿಕನ್ ಸೈನಿಕರೂ ಒಂದು ಲಕ್ಷಕ್ಕೆ ಮೇಲ್ಪಟ್ಟು ಇರಾಕಿನ ನಾಗರಿಕರೂ ಸತ್ತಿದ್ದರು.

ಸಲಿವನ್ನನು ಈ ಸಂಗತಿಗಳಿಗೆ ಕಣ್ಣುಮುಚ್ಚಲಿಲ್ಲ. 2000ದಲ್ಲಿ ತಾನು ಬೆಂಬಲಿಸಿದ ಬುಷ್ ಅಧ್ಯಕ್ಷನನ್ನು 2004ರಲ್ಲಿ ಬಿಟ್ಟು, ಎದುರು ಪಕ್ಷದ ಕೆರಿಯನ್ನು ಬೆಂಬಲಿಸಿದನು. ಸೆರೆಯಾಳುಗಳ ಹಿಂಸೆಯನ್ನು 2005ರಿಂದ ಬಿಡದೆ ಖಂಡಿಸಿದನು. 2006ನೆಯ ಮಾರ್ಚಿಯಲ್ಲಿ ‘ಟೈಮ್’ ಪತ್ರಿಕೆಯಲ್ಲಿ, ಯುದ್ಧದ ವಿಷಯದಲ್ಲಿ ತಾನು ಎಲ್ಲೆಲ್ಲಿ ತಪ್ಪಿದೆನೆಂದು ತನ್ನ ಹೆಸರಿನಲ್ಲಿಯೇ ಬರೆದನು. ಅದೇ ವರ್ಷ ಸಂಪ್ರದಾಯಪಕ್ಷದ ಆತ್ಮವೆಂಥದೆಂಬುದನ್ನು ಕುರಿತು ಗ್ರಂಥವೊಂದನ್ನು ರಚಿಸಿ, ಓಕ್‌ಶಾಟನ ಸಂಶಯಮಾರ್ಗಕ್ಕೆ ಮರಳಿದನು. 2013ರಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, 2001ರಿಂದ 2008ರವರೆಗಿನ ತನ್ನ ಯುದ್ಧವಿಷಯದ ದಿನಬರಹಗಳನ್ನು ತಾನು ತಪ್ಪಿದ್ದೆನೆಂಬ ಅರ್ಥದ ಶೀರ್ಷಿಕೆಯಡಿಯಲ್ಲಿ ಪುಸ್ತಕವಾಗಿ ಹೊರಡಿಸಿದನು. ಜನರು ಮರೆಯುತ್ತಿದ್ದ ತನ್ನ ಮಾತುಗಳನ್ನು ತಾನೇ ಅಟ್ಟದಿಂದಿಳಿಸಿ ಅಂಗಳದಲ್ಲಿ ಹರಡಿದಂತಾಯಿತು.

ಈಗ ಮೊದಲಿನ ಪ್ರಶ್ನೆಗೆ ಬರಬಹುದು. ಆತನ ಹಳೆಯ ಸಂಗಾತಿಗಳು ಆತನನ್ನು ಪಕ್ಷದ್ರೋಹಿಯೆಂದರು: ಯುದ್ಧದ ಹೊತ್ತಿನಲ್ಲಿ ಕಹಳೆಯೂದಿ, ಕಷ್ಟ ಬಂದಾಗ ಕೈಬಿಟ್ಟವನೆಂದು. ಹೊಸ ಸಂಗಾತಿಗಳಲ್ಲಿ ಕೆಲವರು ಆತನನ್ನು ಧೀರನೆಂದರು: ತಪ್ಪನ್ನೊಪ್ಪುವ ಎದೆಗಾರಿಕೆ ಎಷ್ಟು ಮಂದಿಗುಂಟೆಂದು. ಎರಡು ತೀರ್ಪುಗಳೂ ಬದಲಾವಣೆಯನ್ನೇ ನೋಡುತ್ತವೆ. ಒಂದು ಅದನ್ನು ದೋಷವೆನ್ನುತ್ತದೆ, ಇನ್ನೊಂದು ಗುಣವೆನ್ನುತ್ತದೆ. ನ್ಯಾಯಶಾಸ್ತ್ರದ ಪರಿಭಾಷೆಯು ಇಲ್ಲಿ ಒಂದು ಸೂಕ್ಷ್ಮವನ್ನು ತೋರಿಸಿಕೊಡುತ್ತದೆ.

ಗೌತಮನ ಸೂತ್ರಗಳಲ್ಲಿ ವಾದಿಯು ಸೋಲುವ ನೆಲೆಗಳಿಗೆ ನಿಗ್ರಹಸ್ಥಾನಗಳೆಂದು ಹೆಸರು, ಅವು ಇಪ್ಪತ್ತೆರಡು. ಅವುಗಳಲ್ಲಿ ಪ್ರತಿಜ್ಞಾಸಂನ್ಯಾಸವೆಂಬುದೊಂದು: ತನ್ನ ಪಕ್ಷವು ಖಂಡಿತವಾದಾಗ ಆ ಪಕ್ಷವನ್ನು ತನ್ನದಲ್ಲವೆಂದು ಬಿಟ್ಟುಬಿಡುವುದು. ಅಪಸಿದ್ಧಾಂತವೆಂಬುದು ಇನ್ನೊಂದು: ತಾನೊಪ್ಪಿದ ಮೂಲಸಿದ್ಧಾಂತಕ್ಕೇ ವಿರೋಧವಾಗಿ ಮಾತನಾಡುವುದು. ಸಂಗಾತಿಗಳು ಸಲಿವನ್ನನ ಮೇಲೆ ಹೊರಿಸಿದ್ದು ಮೊದಲನೆಯ ದೋಷ. ಅದು ಆತನಿಗೆ ಸಲ್ಲದು. ಏಕೆಂದರೆ ಆ ಪ್ರತಿಜ್ಞೆಯು ತನ್ನದಾಗಿರಲಿಲ್ಲವೆಂದು ಆತನು ಎಂದೂ ಹೇಳಲಿಲ್ಲ. ತನ್ನದೇ ಆಗಿತ್ತು, ತಪ್ಪಾಗಿತ್ತು ಎಂದನು. ಆತನಿಗೆ ನಿಜವಾಗಿ ಸಲ್ಲುವುದು ಎರಡನೆಯ ದೋಷ. ಅದು ಸಂಭವಿಸಿದ ಕಾಲವು 2004 ಅಲ್ಲ, 2006 ಅಲ್ಲ, 2003ಕ್ಕೆ ಮುಂಚೆಯೇ. ಒಂದು ಸಮಾಜವನ್ನು ಕೆಡವಿ ನಕ್ಷೆಯಂತೆ ಕಟ್ಟಲಾಗದೆಂದು ಪ್ರೌಢಪ್ರಬಂಧ ಬರೆದವನು, ಭಾಷೆಯನ್ನೂ ಕುಲಗಳನ್ನೂ ಚರಿತ್ರೆಯನ್ನೂ ತಾನರಿಯದ ದೂರದೇಶವೊಂದನ್ನು ಸೈನ್ಯವು ಕೆಡವಿ ಪ್ರಜಾಪ್ರಭುತ್ವವಾಗಿ ಕಟ್ಟಬಲ್ಲದೆಂದು ಸಾರಿದಾಗಲೇ ತನ್ನ ಸಿದ್ಧಾಂತವನ್ನು ಬಿಟ್ಟಾಗಿತ್ತು. ಆಮೇಲಿನ ಬದಲಾವಣೆಯು ಸಿದ್ಧಾಂತತ್ಯಾಗವಲ್ಲ, ಸಿದ್ಧಾಂತಕ್ಕೆ ಪುನರಾಗಮನ. ಲೋಕವು ಬೆರಳು ಮಾಡಿ ತೋರಿಸಿದ್ದು ಆತನು ಮನೆಗೆ ಮರಳಿದ ದಿನವನ್ನು. ಮನೆ ಬಿಟ್ಟ ದಿನವನ್ನು ಯಾರೂ ಗಮನಿಸಿದಂತಿಲ್ಲ.

ಅಷ್ಟು ಓದಿದವನು ಮನೆ ಬಿಟ್ಟದ್ದೇಕೆ? ಕೋಪವೂ ಭಯವೂ ಕಾರಣವಾಗಿದ್ದುವು. ಗೋಪುರಗಳು ಉರಿದ ವಾರದಲ್ಲಿ ಅವು ಯಾರಲ್ಲಿಲ್ಲ? ಆದರೆ ಅವಕ್ಕೆ ಸಹಾಯವಾಗಿ ಮೂರನೆಯದೊಂದು ನಿಂತಿತು, ಅದೇ ಅವಸರ. ನೈಯಾಯಿಕರು ಹದಿನಾರು ಪದಾರ್ಥಗಳನ್ನು ಎಣಿಸುವಾಗ ಸಂಶಯವನ್ನು ಮೂರನೆಯದಾಗಿಯೂ ನಿರ್ಣಯವನ್ನು ಒಂಬತ್ತನೆಯದಾಗಿಯೂ ಇಟ್ಟಿದ್ದಾರೆ. ನಡುವೆ ಪ್ರಯೋಜನ, ದೃಷ್ಟಾಂತ, ಸಿದ್ಧಾಂತ, ಅವಯವ, ತರ್ಕಗಳೆಂಬ ಐದು ಮೆಟ್ಟಿಲುಗಳುಂಟು. ವಿವಾಹದ ವಾದದಲ್ಲಿ ಸಲಿವನ್ನನು ಈ ಮೆಟ್ಟಿಲುಗಳನ್ನು ಒಂದೊಂದಾಗಿ ಏರಲು ವರ್ಷಗಳನ್ನು ತೆಗೆದುಕೊಂಡನು. ಯುದ್ಧದ ವಾದದಲ್ಲಿ ಬೆಳಗಿನ ಸಂಶಯಕ್ಕೆ ಮಧ್ಯಾಹ್ನದೊಳಗೆ ನಿರ್ಣಯ ಬೇಕಾಗಿತ್ತು, ಕಾದಿರುವ ವಾಚಕರಿದ್ದರು. ತಿಳಿಯದು ಎಂದು ಪ್ರತಿದಿನವೂ ಬರೆಯುವ ವ್ಯಾಖ್ಯಾನಕಾರನನ್ನು ಯಾರು ಓದುತ್ತಾರೆ? ಹೀಗೆ ಸಂಶಯವೇ ಯಾರ ಶಾಸ್ತ್ರವಾಗಿತ್ತೋ ಆತನ ವೃತ್ತಿಯೇ ಆತನಿಂದ ಸಂಶಯವನ್ನು ಕಿತ್ತುಕೊಂಡಿತು.

ಇಲ್ಲಿ ಒಂದು ಆಕ್ಷೇಪ ಬರಬಹುದು. ಅವಸರವೇ ತಪ್ಪಿಗೆ ಮೂಲವಾದರೆ, ಸಾವಕಾಶವಾಗಿ ಮಾಡಿದುದೆಲ್ಲ ಸರಿಯೇ? ಅದೇ ಸಲಿವನ್ನನು 1994ರಲ್ಲಿ, ಸಂಪಾದಕನಾಗಿದ್ದಾಗ, ಜನಾಂಗಗಳಿಗೂ ಬುದ್ಧಿಯ ಅಳತೆಗೂ ಸಂಬಂಧ ಕಲ್ಪಿಸಿದ ‘ಬೆಲ್ ಕರ್ವ್’ ಎಂಬ ಗ್ರಂಥದ ಕರ್ತೃಗಳ ಲೇಖನವನ್ನು ಪ್ರಕಟಿಸಿದನು. ತನ್ನ ಕಾರ್ಯಾಲಯದವರೇ ವಿರೋಧಿಸಿದರೂ ಬಿಡಲಿಲ್ಲ. ಆದರೆ ಅವರ ವಿರೋಧವನ್ನೂ ಇತರರ ಖಂಡನೆಗಳನ್ನೂ ಅದೇ ಸಂಚಿಕೆಯಲ್ಲಿ ಅಚ್ಚುಮಾಡಿಸಿದನು. ಇದು ಅವಸರದ ಕೆಲಸವಲ್ಲ, ಯೋಚಿಸಿ ಮಾಡಿದ ಕೆಲಸ. ಆ ಲೇಖನಕ್ಕೆ ತಕ್ಕ ವಿಜ್ಞಾನಾಧಾರವಿರಲಿಲ್ಲವೆಂದೂ, ಅದಾಗಲೇ ಅವಮಾನದಲ್ಲಿ ಬಾಳುತ್ತಿದ್ದ ಜನರ ಮೇಲೆ ಅದು ಇನ್ನೊಂದು ಕಲ್ಲನ್ನು ಹೇರಿತೆಂದೂ ಅನೇಕ ವಿದ್ವಾಂಸರು ಹೇಳಿದರು. ಸಲಿವನ್ನನು ಈ ವಿಷಯದಲ್ಲಿ ಪಶ್ಚಾತ್ತಾಪಪಡಲಿಲ್ಲ. ಚರ್ಚೆಗೆ ತೆರೆದಿಟ್ಟುದೇ ಸರಿಯೆಂದು ಸಮರ್ಥಿಸಿಕೊಂಡನು. ಆದುದರಿಂದ ಸಾವಧಾನವು ಸತ್ಯಕ್ಕೆ ಜಾಮೀನಲ್ಲವೆಂದು ಒಪ್ಪತಕ್ಕದ್ದೇ. ಅಲ್ಲದೆ, ಯಾವ ತಪ್ಪಿಗೆ ಪಶ್ಚಾತ್ತಾಪಪಡಬೇಕೆಂಬುದನ್ನು ತಪ್ಪು ಮಾಡಿದವನೇ ಆರಿಸಿಕೊಳ್ಳುವನೆಂಬ ಕೊರತೆಯೂ ಇಲ್ಲಿ ಕಾಣುತ್ತದೆ. ಯುದ್ಧದ ತಪ್ಪನ್ನು ಸಂಗತಿಗಳು ಕೂಗಿ ಹೇಳಿದುವು. ಎಲ್ಲ ತಪ್ಪುಗಳೂ ಹಾಗೆ ಕೂಗುವುದಿಲ್ಲ. ಆದರೂ ಸಾವಧಾನದಲ್ಲಿ ಒಂದು ಗುಣವುಂಟು. 1994ರ ಆ ಸಂಚಿಕೆಯಲ್ಲಿ ವಿಷವೆಂದು ಹಲವರು ಕರೆದುದರ ಪಕ್ಕದಲ್ಲಿಯೇ ಪ್ರತಿವಿಷವೂ ಇತ್ತು. ಓದುವವನು ತೂಗಿ ನೋಡಬಹುದಾಗಿತ್ತು. 2002ರ ದಿನಬರಹದಲ್ಲಿ ಎದುರು ಪಕ್ಷಕ್ಕೆ ಅಷ್ಟು ಜಾಗವಿರಲಿಲ್ಲ.

ಇನ್ನುಳಿದದ್ದು ಋಣದ ಪ್ರಶ್ನೆ. ತಪ್ಪನ್ನೊಪ್ಪಿದ ಮಾತ್ರಕ್ಕೆ ಲೆಕ್ಕ ಚುಕ್ತವಾಯಿತೇ? ಒಬ್ಬ ಲೇಖಕನ ಲೇಖನಿಯಿಂದ ಸೈನ್ಯವು ಹೊರಡಲಿಲ್ಲ, ಹೊರಡಿಸಿದವರು ಅಧಿಕಾರದಲ್ಲಿದ್ದವರು, ಆದುದರಿಂದ ಬರೆದವನಿಗೆ ಋಣವೇ ಇಲ್ಲವೆಂದು ಕೆಲವರು ಹೇಳಿಯಾರು. ಜಾತ್ರೆಯ ದಿನ ತೇರಿನ ಹಗ್ಗವನ್ನು ನೂರಾರು ಮಂದಿ ಹಿಡಿಯುತ್ತಾರೆ. ಯಾವನೊಬ್ಬನೂ ಕೈಬಿಟ್ಟರೆ ತೇರು ನಿಲ್ಲುವುದಿಲ್ಲ. ಹಾಗೆಂದು ತೇರನ್ನು ತಾನೆಳೆಯಲಿಲ್ಲವೆಂದು ಯಾರೂ ಹೇಳುವುದಿಲ್ಲ, ಎಳೆದೆನೆಂದೇ ಮನೆಗೆ ಬಂದು ಸಂತೋಷದಿಂದ ಹೇಳುತ್ತಾರೆ. ತೇರು ದಾರಿತಪ್ಪಿ ಜನರ ಮೇಲೆ ಹರಿದ ದಿನ ಮಾತ್ರ ಹಗ್ಗ ಹಿಡಿದವರೇ ಇಲ್ಲವಾಗುವುದು ಹೇಗೆ ನ್ಯಾಯ? ಪಾಲು ಚಿಕ್ಕದಿರಬಹುದು, ಇಲ್ಲವೆಂದಲ್ಲ.

ಪಾಪದಿಂದ ಬಿಡುಗಡೆಗೆ ಧರ್ಮಶಾಸ್ತ್ರವು ಹೇಳುವ ಉಪಾಯಗಳಲ್ಲಿ ಮೊದಲನೆಯದು ಖ್ಯಾಪನ, ಎಂದರೆ ಮಾಡಿದುದನ್ನು ಬಾಯ್ತೆರೆದು ಸಾರುವುದು. ಅನಂತರ ಅನುತಾಪ, ತಪಸ್ಸು, ಅಧ್ಯಯನ. ಇವುಗಳ ಜೊತೆಗೆ, ಅದೇ ಕಾರ್ಯವನ್ನು ಮರಳಿ ಮಾಡದಿರುವ ನಿವೃತ್ತಿಯನ್ನೂ ಮನುವು ಹೇಳಿದ್ದಾನೆ. ಸಲಿವನ್ನನು ಖ್ಯಾಪನವನ್ನು ಮಾಡಿದನೆಂಬುದರಲ್ಲಿ ಸಂದೇಹವಿಲ್ಲ. 2006ರ ಗ್ರಂಥವನ್ನು ಅಧ್ಯಯನವೆಂದೂ ಎಣಿಸಬಹುದು. ಆದರೆ ಒಂದು ಕಠಿಣವಾದ ಸತ್ಯವು ಉಳಿಯುತ್ತದೆ. ಆತನ ಖ್ಯಾಪನವನ್ನು ಕೇಳಿದವರು ಆತನ ವಾಚಕರು. ಆತನ ಮಾತಿನ ಬೆಲೆ ತೆತ್ತವರು ಬಾಗ್ದಾದಿನಲ್ಲಿಯೂ ಫಲ್ಲೂಜಾದಲ್ಲಿಯೂ ಇದ್ದವರು. ಅವರು ಆತನ ಹೆಸರನ್ನೇ ಕೇಳಿರಲಾರರು. ವಾಚಕನು ಕ್ಷಮಿಸಬಹುದು, ಸತ್ತವರ ಪರವಾಗಿ ಕ್ಷಮಿಸುವ ಅಧಿಕಾರವು ವಾಚಕನಿಗಿಲ್ಲ. ಆದುದರಿಂದ ತಪ್ಪೊಪ್ಪಿಗೆಯು ಋಣವನ್ನು ತೀರಿಸುವುದಿಲ್ಲ. ಋಣವುಂಟೆಂಬ ಪತ್ರವನ್ನು ಬರೆದುಕೊಡುತ್ತದೆ, ಅಷ್ಟೆ. ಹಾಗೆಂದು ಅದು ಅಲ್ಪವಲ್ಲ. ಪತ್ರ ಬರೆದುಕೊಡದ ಸಾಲಗಾರರ ನಡುವೆ ಬರೆದುಕೊಟ್ಟವನ ಸ್ಥಾನ ಬೇರೆಯೇ. ಇರಾಕಿನ ವಿಷಯದಲ್ಲಿ ಆತನಷ್ಟೇ ಗಟ್ಟಿಯಾಗಿ ಕೂಗಿದ ಎಷ್ಟೋ ಮಂದಿ ಮುಂದಿನ ವಿಷಯಕ್ಕೆ ಮೌನವಾಗಿ ದಾಟಿಹೋದರು.

ತೀರಿಸಲಾಗದ ಋಣವನ್ನು ಹೊತ್ತವನಿಗೆ ಉಳಿಯುವ ದಾರಿ ನಿವೃತ್ತಿಯೊಂದೇ. ಸಲಿವನ್ನನ ಬಾಳಿನ ಮುಂದಿನ ಭಾಗವನ್ನು ಈ ದೃಷ್ಟಿಯಿಂದ ನೋಡಬಹುದು. 2013ರಲ್ಲಿ ಆತನು ದೊಡ್ಡ ಪತ್ರಿಕೆಗಳ ಆಶ್ರಯವನ್ನು ಬಿಟ್ಟು, ಜಾಹೀರಾತುಗಳಿಲ್ಲದೆ, ವರ್ಷಕ್ಕೆ 19.99 ಡಾಲರುಗಳ ವಾಚಕರ ಚಂದಾ ಹಣದಿಂದಲೇ ದಿನಬರಹವನ್ನು ನಡೆಯಿಸಿದನು. ಅದರಲ್ಲಿ ವಾಚಕರ ಭಿನ್ನಾಭಿಪ್ರಾಯಗಳಿಗೆಂದೇ ಒಂದು ಅಂಕಣವಿದ್ದು, ತನ್ನನ್ನು ಖಂಡಿಸುವ ಪತ್ರಗಳನ್ನು ತಾನೇ ಪ್ರಕಟಿಸುತ್ತಿದ್ದನು. 2015ನೆಯ ಫೆಬ್ರವರಿಯಲ್ಲಿ ಅದನ್ನು ನಿಲ್ಲಿಸಿಬಿಟ್ಟನು. ದೇಹವು ಬಳಲಿತ್ತು, ನಿಧಾನವಾಗಿ ಓದುವುದೂ ಯೋಚಿಸುವುದೂ ಮರೆತುಹೋಗಿತ್ತು, ಅವುಗಳಿಗೆ ಮರಳಬೇಕೆಂದು ಆತನು ಕಾರಣ ಹೇಳಿದನು. 2016ರಲ್ಲಿ, ಎಡೆಬಿಡದ ಸುದ್ದಿಯ ಪ್ರವಾಹದಲ್ಲಿ ತಾನು ಮನುಷ್ಯತ್ವವನ್ನೇ ಕಳೆದುಕೊಂಡಂತಾಗಿದ್ದೆನೆಂಬ ಭಾವದ ದೀರ್ಘ ಲೇಖನವನ್ನು ಬರೆದು, ಮೌನದ ಬೆಲೆಯನ್ನು ವರ್ಣಿಸಿದನು. ಯುದ್ಧದ ತಪ್ಪಿಗೆ ಇದು ಪ್ರಾಯಶ್ಚಿತ್ತವೆಂದು ಆತನು ಹೇಳಿಕೊಳ್ಳಲಿಲ್ಲ. ಆದರೆ ತಪ್ಪಿಗೆ ನೆರವಾದ ಅವಸರವನ್ನೇ ಬಿಟ್ಟದ್ದರಿಂದ ಫಲವು ಅದೇ ಆಯಿತು. 2020ರಲ್ಲಿ ಮರಳಿ ಸ್ವತಂತ್ರವಾಗಿ ಬರೆಯಲಾರಂಭಿಸಿದಾಗ ಹಳೆಯ ಹೆಸರಿನ ಒಂದು ಪದವನ್ನು ಬದಲಾಯಿಸಿ ‘ವೀಕ್ಲಿ ಡಿಶ್’ ಎಂದಿಟ್ಟನು, ದಿನಬರಹವು ವಾರಬರಹವಾಯಿತು. ಭಿನ್ನಾಭಿಪ್ರಾಯದ ಪತ್ರಗಳು ಅಲ್ಲಿಯೂ ಮುಂದುವರಿದುವು. ಅಲ್ಲಿಯೂ ಆತನ ಮಾತುಗಳನ್ನು ಒಪ್ಪದವರು ಅನೇಕರು. ಒಪ್ಪದಿರಲು ಕಾರಣಗಳೂ ಉಂಟು. ಆದರೆ ಸಂಶಯಕ್ಕೂ ನಿರ್ಣಯಕ್ಕೂ ನಡುವೆ ಏಳು ದಿನಗಳ ಅಂತರವಾದರೂ ಏರ್ಪಟ್ಟಿತು.

ಈ ದೃಷ್ಟಾಂತದಿಂದ ತೋರುವ ನಿರ್ಣಯವನ್ನು ಹೀಗೆ ಹೇಳಬಹುದು. ಅಭಿಪ್ರಾಯವು ಭಾಷೆ ಕೊಟ್ಟಂತಲ್ಲ. ಸುಳ್ಳೆಂದು ಕಂಡ ಬಳಿಕ ಅದನ್ನು ಹಿಡಿದಿರುವುದು ಸತ್ಯನಿಷ್ಠೆಯಲ್ಲ, ಹಠ. ಆದರೆ ಅಭಿಪ್ರಾಯವು ಗಾಳಿಯಲ್ಲಿ ಕರಗುವ ಸದ್ದೂ ಅಲ್ಲ. ನಾಲ್ಕು ಜನರ ಮುಂದೆ ಆಡಿದ ಮೇಲೆ ಅದು ಕ್ರಿಯೆಯೇ ಆಗುತ್ತದೆ, ಅದಕ್ಕೆ ಫಲವುಂಟಾಗುತ್ತದೆ, ಆ ಫಲದಲ್ಲಿ ಆಡಿದವನಿಗೆ ಪಾಲುಂಟಾಗುತ್ತದೆ. ಬದಲಾದವನನ್ನು ಏಕೆ ಬದಲಾದೆಯೆಂದು ಕೇಳುವುದಕ್ಕಿಂತ, ಮೊದಲು ಅಷ್ಟು ಖಂಡಿತವಾಗಿ ಏಕೆ ಹೇಳಿದೆಯೆಂದು ಕೇಳುವುದು ಮೇಲು. ಹಳೆಯ ಮಾತನ್ನು ಅಡಗಿಸಿ ಬದಲಾದವನು ವಂಚಕ. ಅದನ್ನು ಎದುರಿಗಿಟ್ಟುಕೊಂಡು ಬದಲಾದವನು ವಿದ್ಯಾರ್ಥಿ.

ಕೊನೆಗೆ ವಾಚಕರ ಪಾಲನ್ನೂ ಹೇಳದೆ ಬಿಡಬಾರದು. ಪ್ರತಿದಿನವೂ ಬೆಳಗಿನ ಕಾಫಿಯ ಹೊತ್ತಿಗೆ ಲೋಕದ ಸಮಸ್ತ ವಿಷಯಗಳ ಮೇಲೂ ಸಿದ್ಧವಾದ ತೀರ್ಪು ಬೇಕೆಂದು ಕೇಳುವವರು ವಾಚಕರೇ. ತಿಳಿಯದೆಂದು ಬರೆದವನನ್ನು ಅಂಜುಬುರುಕನೆಂದು ಬಿಟ್ಟು, ಗಟ್ಟಿಯಾಗಿ ಹೇಳಿದವನ ಬಾಗಿಲಲ್ಲಿ ಗುಂಪುಗೂಡುವವರೂ ಅವರೇ. ಕೇಳುವವರಿರುವುದರಿಂದಲೇ ಬಡಿಸುವವರಿರುತ್ತಾರೆ. ತೇರಿನ ಹಗ್ಗವನ್ನು ಹಿಡಿದವನ ಕೈಯನ್ನು ಪರೀಕ್ಷಿಸುವಾಗ, ಬೀದಿಯ ಎರಡು ಬದಿಗಳಲ್ಲಿ ನಿಂತು ಇನ್ನೂ ಬೇಗ, ಇನ್ನೂ ಬೇಗ ಎಂದು ಕೂಗಿದವರು ತಮ್ಮ ಗಂಟಲನ್ನೂ ಒಮ್ಮೆ ಮುಟ್ಟಿ ನೋಡಿಕೊಳ್ಳುವುದು ಧರ್ಮ.